ಮೂರನೇ ಮಹಡಿಯಿಂದ ಕೂಗಿ ನೋಡಿದ ಹೆಸರುಗಳು

ಇಂದ: ಲಿಫ್ಟ್ ರಿಪೇರಿಯವನು, ಮೂರನೇ ಮಹಡಿ
ಗೆ: ಜನನ ನೋಂದಣಿ ಅಧಿಕಾರಿಗಳು
ವಿಷಯ: ಮಗಳಿಗೆ ತಾವೇ ಒಂದು ಹೆಸರಿಡುವ ಬಗ್ಗೆ
ಉಲ್ಲೇಖ: ತಮ್ಮ ಗುಮಾಸ್ತರು ಕಿಟಕಿ ಮುಚ್ಚುತ್ತಾ ಹೇಳಿದ ಮಾತು

ಮಾನ್ಯರೇ,

ಅರ್ಜಿದಾರನ ಮಗಳಿಗೆ ಹೆಸರಿಲ್ಲ. ಕಾರಣಗಳು ಕೆಳಕಂಡಂತಿವೆ.

೧. ಅರ್ಜಿದಾರನ ಭಾವಮೈದುನನು ದೇಶದೇಶದ ಹೆಸರುಗಳಿಗೆ ಅರ್ಥ ಹೇಳುವ ದಪ್ಪ ಪುಸ್ತಕವೊಂದನ್ನು ತಂದುಕೊಟ್ಟನು. ಒಂದು ಕಡೆ ಹುಟ್ಟಿದ ವಾರವೇ ಹೆಸರಂತೆ. ಇನ್ನೊಂದು ಕಡೆ ಎಂಟನೆಯ ಮಗುವಿಗೆ ಎಂಟನೆಯವಳು ಎಂದೇ ಇಡುತ್ತಿದ್ದರಂತೆ. ಕೆಲವು ಕಡೆ ಕೆಟ್ಟ ಕಣ್ಣು ಬೀಳದಿರಲೆಂದು ಕಸ ಎಂದು ಕರೆಯುತ್ತಾರಂತೆ.

೨. ಇದನ್ನು ಕೇಳಿದ ಅರ್ಜಿದಾರನ ತಾಯಿ, ಬುದ್ಧಿ ಇರೋ ಜನ ಅಂದ್ರೆ ಇವರೇ, ಕಸ ಅಂತಲೇ ಇಡಿ ಎಂದರು. ಅರ್ಜಿದಾರನ ಹೆಂಡತಿಯು, "ನಿಮ್ಮ ಮಗನಿಗೆ ಮಾತ್ರ ಒಳ್ಳೇ ಹೆಸರೇ ಇಟ್ರಲ್ಲ ಅತ್ತೆ. ಅದಕ್ಕೇ ನೋಡಿ, ಹಿಂಗಾಗಿರೋದು" ಎಂದಳು. ಅರ್ಜಿದಾರನು ಈ ಸಂದರ್ಭದಲ್ಲಿ ಹಾಜರಿದ್ದನು.

೩. ಹೆಂಡತಿಗೆ ಒಳ್ಳೆಯ ಅರ್ಥವಿರುವ ಹೆಸರೇ ಬೇಕು. ತಾಯಿಯವರ ಪದ್ಧತಿ ಬೇರೆ. ಹೆಸರನ್ನು ಬಾಲ್ಕನಿಯಿಂದ ಕೂಗಿ ನೋಡಬೇಕು, ಬೀದಿಯ ತುದಿಗೆ ಮುಟ್ಟಬೇಕು. "ಅರ್ಥ ಇಟ್ಕೊಂಡು ಉಪ್ಪು ಹಾಕಿ ನೆಕ್ತೀರಾ?" ಎಂಬುದು ಅವರ ವಾದ. ಆದ್ದರಿಂದ ಅರ್ಜಿದಾರನು ಕೂಗಿದನು.

ಹೊಳೆಯುವವಳು ಎಂಬರ್ಥದ ಹೆಸರನ್ನು ಕೂಗಿದಾಗ ಕೆಳಗಿನಿಂದ ಇಸ್ತ್ರಿಯವಳು ಏನು ಬಟ್ಟೆ ಎನ್ನುತ್ತಾ ಮೇಲೆ ಬಂದಳು. ಅವಳ ಹೆಸರೂ ಅದೇ. "ಇಟ್ಕೊಳ್ಳಿ, ನನಗಂತೂ ಅದರಿಂದ ಏನೂ ಹೊಳೀಲಿಲ್ಲ" ಎಂದು ಹೋದಳು. ಹಿಮ ಬೀಳುವ ದೇಶದ, ಕರಡಿ ಎಂಬರ್ಥದ ಹೆಸರಿಗೆ ಎದುರುಮನೆಯ ನಾಯಿ ಓಡಿ ಬಂತು. ಅದು ಇನ್ನೂ ಇಳಿದಿಲ್ಲ. ಶಾಂತಿ ಎಂದು ಅರ್ಥ ಬರುವ ಹೆಸರನ್ನು ಕೂಗಿದ್ದಕ್ಕೆ, ನಿದ್ದೆ ಕೆಟ್ಟ ಎರಡನೇ ಮಹಡಿಯ ನಿವೃತ್ತ ಮೇಷ್ಟ್ರು ಕೈ ಕೈ ಮಿಲಾಯಿಸುವವರೆಗೆ ಬಂದರು.

೪. ಬರುವ ಶುಕ್ರವಾರದ ಗಡುವು ದಾಟಿದರೆ ದಾಖಲೆಯಲ್ಲಿ "ಹೆಣ್ಣು ಮಗು" ಎಂದೇ ಉಳಿಯುವುದೆಂದೂ, ಆಮೇಲೆ ಕೋರ್ಟು ಅಲೆಯಬೇಕೆಂದೂ ತಮ್ಮ ಗುಮಾಸ್ತರು ತಿಳಿಸಿದರು. "ನನ್ನ ಹೆಸರಿಗೆ ಏನರ್ಥ ಅಂತ ನನಗೇ ಗೊತ್ತಿಲ್ಲಪ್ಪ, ಸಂಬಳ ಬರ್ತಿದೆ" ಎಂದೂ ಸೇರಿಸಿದರು. ಹೆಂಡತಿ ಹೇಳುವುದನ್ನು ಬರೆಸಿದರೆ ತಾಯಿ ಊಟ ಬಿಡುತ್ತಾರೆ, ತಾಯಿ ಹೇಳುವುದನ್ನು ಬರೆಸಿದರೆ ಹೆಂಡತಿ ಮನೆ ಬಿಡುತ್ತಾಳೆ.

ಆದ್ದರಿಂದ ಘನ ಕಚೇರಿಯು ತನಗೆ ತೋಚಿದ ಯಾವುದಾದರೂ ಹೆಸರನ್ನು ಬರೆದು ಮೊಹರು ಒತ್ತಬೇಕಾಗಿ ಕೋರಿಕೆ. ಅರ್ಥ ಬೇಕಿಲ್ಲ. ಕಚೇರಿಯೇ ಇಟ್ಟಿತೆಂದರೆ ಅತ್ತೆ ಸೊಸೆ ಒಂದೇ ಬಾಯಲ್ಲಿ ತಮ್ಮನ್ನು ಬೈಯುವರು. ಅವರು ಒಂದಾಗಲು ಅರ್ಜಿದಾರನಿಗೆ ಬೇರೆ ದಾರಿ ಕಾಣದು. ಬೈಗುಳಕ್ಕೆ ಮುಂಚಿತವಾಗಿಯೇ ಕ್ಷಮೆ ಇರಲಿ.

ತಮ್ಮ ವಿಶ್ವಾಸಿ,
ಮಗುವಿನ ಅಪ್ಪ

ಲಗತ್ತು: ಹೆಸರಿನ ಜಾಗ ಖಾಲಿ ಇರುವ ಜನನ ಪ್ರಮಾಣಪತ್ರ, ಮೇಷ್ಟ್ರ ದೂರು, ಪುಸ್ತಕ (ಅರ್ಧ, ಉಳಿದರ್ಧ ತಾಯಿಯವರ ಬಳಿ ಇದೆ, ಕೊಡುತ್ತಿಲ್ಲ).

ಈವರೆಗಿನ ನಷ್ಟ: ಹನ್ನೊಂದು ತಿಂಗಳು. ಅಷ್ಟೂ ದಿನ ಮಗುವನ್ನು ಎಲ್ಲರೂ ಎತ್ತಿಕೊಂಡಿದ್ದಾರೆ, ಯಾರೂ ಕರೆದಿಲ್ಲ.