ಮೂರನೇ ಮಾರಾಟ ಅರ್ಧಕ್ಕೆ ನಿಂತ ಬಗ್ಗೆ

ಇಂದ:
ತ್ರೆಬೋನಿಯಸ್, ಒಂದು ಕಾಲದಲ್ಲಿ ಬಟ್ಟೆ ಒಗೆಯುವ ಅಂಗಡಿ ಇಟ್ಟಿದ್ದವನು, ಈಗ ಕೂತು ತಿನ್ನುವವನು,
ಅವೆಂಟೈನ್ ಗುಡ್ಡದ ಕೆಳಗೆ, ರೋಮ್.

ಗೆ:
ಮಾನ್ಯ ನ್ಯಾಯಾಧಿಕಾರಿಗಳು, ರೋಮ್ ನಗರ.

ವಿಷಯ: ಅರವತ್ತು ದಾಟಿದ ಹುಡುಗ ನುಮೇರಿಯಸ್‌ಗೆ ಮದುವೆಯಾಗಲು ಅಪ್ಪಣೆ ಕೊಡಿಸುವ ಬಗ್ಗೆ.

ಉಲ್ಲೇಖ: ಹೋದ ಸಂತೆಯ ದಿನ ತಮ್ಮ ಗುಮಾಸ್ತ ನನ್ನ ಅರ್ಜಿ ವಾಪಸ್ ಕೊಟ್ಟು, "ಅಜ್ಜಾ, ನಿನ್ನೆ ಏನು ಉಂಡೆ ಅಂತಾದ್ರೂ ನೆನಪಿದೆಯಾ?" ಅಂತ ಕೇಳಿದ್ದು.

ಮಾನ್ಯರೇ,

ಮೊದಲು ಆ ಗುಮಾಸ್ತನಿಗೆ ಉತ್ತರ. ನಿನ್ನೆ ಉಂಡದ್ದು ಕಡಲೆ ಗಂಜಿ, ಉಪ್ಪು ಕಮ್ಮಿ. ಮೊನ್ನೆಯೂ ಅದೇ, ಉಪ್ಪೇ ಇರಲಿಲ್ಲ. ನನ್ನ ನೆನಪು ಪರೀಕ್ಷೆ ಮಾಡಕ್ಕೆ ಬಂದವನು ತನ್ನ ಕಿವಿ ಮೇಲೇ ಲೇಖನಿ ಸಿಕ್ಕಿಸಿಕೊಂಡು ಊರೆಲ್ಲ ಹುಡುಕ್ತಾ ಇದ್ದ. ಅದನ್ನೂ ಬರೆಸಿದ್ದೀನಿ. ಮುಂದೆ ಹೇಳೋದೆಲ್ಲ ನಾನು ಕಣ್ಣಾರೆ ಕಂಡದ್ದು, ನಂಬದವರು ಎದ್ದು ಹೋಗಬಹುದು.

1. ಸದರಿ ನುಮೇರಿಯಸ್ ನನ್ನ ಗೆಳೆಯ ಒಪ್ಪಿಯಸ್‌ನ ಮಗ. ಹೆಂಡತಿ ತೀರಿಕೊಂಡು ಬಹಳ ಕಾಲವಾಯ್ತು. ತಲೆ ಬೋಳು. ಮುಂದಿನ ಹಲ್ಲು ಯುದ್ಧದಲ್ಲಿ ಹೋದವು, ಉಳಿದವು ತಾವಾಗೇ ಹೋದವು. ಮೊಮ್ಮಕ್ಕಳನ್ನ ಕಂಡವನು. ಆದರೂ ನಮ್ಮ ಕಾನೂನಿನಲ್ಲಿ ಅಪ್ಪ ಉಸಿರಾಡುವ ತನಕ ಮಗ ಮಗುವೇ. ಅವನು ದುಡಿದದ್ದು ಅಪ್ಪನದು, ಅವನ ಮಕ್ಕಳು ಅಪ್ಪನವರು, ಕಾಲಿನ ಚಪ್ಪಲಿಯೂ ಅಪ್ಪನದು. ಈ ಅಪ್ಪನೋ, ಉಸಿರಾಡೋದರಲ್ಲಿ ಬಲು ಗಟ್ಟಿಗ. ಎಂಬತ್ತು ದಾಟಿ ಎಷ್ಟೋ ಆಯ್ತು, ಈಗಲೂ ಬೆಳಿಗ್ಗೆ ಕಣ್ಣು ಬಿಟ್ಟ ಕೂಡಲೆ "ಇನ್ನೂ ಇದ್ದೀನಿ ಕಣ್ರೋ" ಅಂತ ಕೂಗಿ ಮನೆಯವರಿಗೆಲ್ಲ ತಿಳಿಸ್ತಾನೆ.

2. ಈ ಅರ್ಜಿಗೆ ಕಾರಣ ವಿಬಿಡಿಯಾ. ನಮ್ಮ ಬೀದಿ ಮೂಲೆಯಲ್ಲಿ ರೊಟ್ಟಿ ಸುಡುವ ವಿಧವೆ. ಮನೆಯಲ್ಲಿ ರೊಟ್ಟಿ ಮಿಕ್ಕಿ ಕಲ್ಲಾಗಿದ್ದರೂ ನುಮೇರಿಯಸ್ ಮಧ್ಯಾಹ್ನ ಇನ್ನೊಂದು ತರಕ್ಕೆ ಹೋಗ್ತಾನೆ. ಅವನಿಗೆ ಹಲ್ಲಿಲ್ಲ ಅಂತ ಅವಳು ಮೇಲಿನ ಗಟ್ಟಿ ಪದರ ಕಿತ್ತು ಒಳಗಿನ ಮೆತ್ತಗಿರೋದನ್ನೇ ಕೊಡ್ತಾಳೆ. ಇದಕ್ಕಿಂತ ದೊಡ್ಡ ಸಾಕ್ಷಿ ಬೇಕಾ ಸ್ವಾಮಿ?

ಒಂದು ದಿನ ನುಮೇರಿಯಸ್ ಅಪ್ಪನ ಮುಂದೆ ಹೋಗಿ ಕೈಕಟ್ಟಿ ನಿಂತ. ಅರ್ಜಿದಾರನಾದ ನಾನು ಅಲ್ಲೇ ಕೂತಿದ್ದೆ.

"ಅಪ್ಪಾ, ಮದುವೆ ಆಗೋಣ ಅಂತ."

"ಯಾರು?"

"ನಾನೇ."

"ಮೊದಲು ಬೆಳಿ ಮರಿ, ಆಮೇಲೆ ನೋಡೋಣ."

"ಇನ್ನೆಲ್ಲಿಗೆ ಬೆಳೀಲಪ್ಪಾ?"

"ಎದುರು ಮಾತಾಡ್ತೀಯಾ? ಹುಟ್ಟಿದಾಗ ನಿನ್ನ ನೆಲದ ಮೇಲೆ ಮಲಗಿಸಿದ್ರು. ಬಗ್ಗಿ ಎತ್ಕೊಂಡವನು ಯಾರು? ನಾನು ಎತ್ತದೇ ಇದ್ದಿದ್ರೆ ತಿಪ್ಪೆ ಪಾಲಾಗ್ತಿದ್ದೆ!"

"ಈಗ ದಿನಾ ನಿನ್ನ ಎತ್ತಿ ಕೂರಿಸೋನು ನಾನಲ್ವಾ?"

"ಅದು ಹಾಸಿಗೆಯಿಂದ. ಹಾಸಿಗೆಯಿಂದ ಗುಲಾಮನೂ ಎತ್ತುತ್ತಾನೆ. ನೆಲದಿಂದ ಎತ್ತಿದವನೇ ಅಪ್ಪ. ಹೋಗು, ಗಂಜಿ ತಣ್ಣಗಾಗ್ತಿದೆ."

ಒಂದು ಸಲ ಬಗ್ಗಿದ್ದಕ್ಕೆ ಜೀವಮಾನವಿಡೀ ಬಾಡಿಗೆ ವಸೂಲಿ. ಇದನ್ನ ತಾವು ಗಮನಿಸಬೇಕು.

3. ಆ ಕಡೆ ವಿಬಿಡಿಯಾ ಸುಮ್ಮನಿರಲಿಲ್ಲ. "ದ್ರಾಕ್ಷಿ ಕೊಯ್ಲಿನ ತನಕ ನೋಡ್ತೀನಿ. ಆಮೇಲೆ ಒಲೆ ಮಾರಿ ಕಪುವಾದಲ್ಲಿರೋ ತಂಗಿ ಮನೆಗೆ ಹೊರಟೆ. ನಿಮ್ಮಪ್ಪನ ಜೊತೆ ನಾನೂ ಸಾವಿರ ವರ್ಷ ಬದುಕಕ್ಕಾಗಲ್ಲ" ಅಂದಳು.

ಆದ ಕಾರಣ ನಾನು ಒಪ್ಪಿಯಸ್‌ನ ಕೆಣಕಿದೆ. "ಎದುರು ಮಾತಾಡ್ತಾನೆ ಅಂತ ಅಷ್ಟು ಬೇಸರ ಇದ್ರೆ ಮಗನ್ನ ಬಿಡುಗಡೆ ಮಾಡಯ್ಯ." ಮುದುಕನಿಗೆ ಸಿಟ್ಟು ಬಂತು. "ಮಾಡ್ತೀನಿ! ಮಾರೇ ಬಿಡ್ತೀನಿ! ನೀನೇ ಕೊಂಡ್ಕೋ!"

4. ಪದ್ಧತಿ ತಮಗೆ ಗೊತ್ತಿರೋದೇ. ಐದು ಜನ ಸಾಕ್ಷಿ, ತಕ್ಕಡಿ ಹಿಡಿಯೋನು ಒಬ್ಬ. ಕೊಳ್ಳೋನು ಕಂಚಿನ ತುಂಡಿನಿಂದ ತಕ್ಕಡಿಗೆ ಬಡಿದರೆ ಮಗ ಮಾರಾಟವಾದ ಹಾಗೆ. ಕೊಂಡವನು ಬಿಟ್ಟುಬಿಟ್ಟರೆ ಮಗ ಪುನಃ ಅಪ್ಪನ ಕೈಗೇ ಬೀಳ್ತಾನೆ. ಹೀಗೆ ಮೂರು ಸಲ ಮಾರಿದರೆ ಮಾತ್ರ ಅಪ್ಪನ ಹಿಡಿತ ಕಳಚುತ್ತೆ. ಒಂದು ಕತ್ತೆ ಮಾರಕ್ಕೆ ಒಂದು ಸಲ ಸಾಕು. ಮಗನಿಗೆ ಮೂರು.

ಮೊದಲೆರಡು ಸಲ ಒಪ್ಪಿಯಸ್‌ಗೆ ಹಬ್ಬ. ಸಂತೆ ಮಧ್ಯೆ ನಿಂತು, "ಬನ್ನಿ ಬನ್ನಿ, ಹಲ್ಲು ನೋಡಬೇಡಿ, ಗುಣ ನೋಡಿ!" ಅಂತ ಕೂಗಿದ. ನುಮೇರಿಯಸ್ ತಲೆ ತಗ್ಗಿಸಿ ನಿಂತಿದ್ದ. ಸಂಜೆಗೆ ನಾನು ಬಿಟ್ಟೆ, ಅವನು ಮನೆಗೆ ಹೋಗಿ ಅಪ್ಪನ ಕಾಲೊತ್ತಿದ. "ಒಳ್ಳೆ ಆಟ ಕಣೋ ತ್ರೆಬೋನಿಯಸ್, ಮಾರಿದ್ರೂ ವಾಪಸ್ ಬರ್ತಾನೆ" ಅಂತ ಮುದುಕ ನಗಾಡಿದ.

5. ಮೂರನೇ ಸಲ. ನಾನು ಕಂಚು ಎತ್ತಿ ಹಿಡಿದಿದ್ದೆ. ಒಪ್ಪಿಯಸ್ ಕೇಳಿದ, "ರಾತ್ರಿ ಊಟಕ್ಕೆ ಬರ್ತಾನೆ ತಾನೇ?"

ತಕ್ಕಡಿಯವನು ಬಾಯಿ ಮುಚ್ಚಿಕೊಂಡಿದ್ದರೆ ಈ ಅರ್ಜಿಯೇ ಬೇಕಿರಲಿಲ್ಲ. "ಇದು ಮೂರನೇದು ಅಜ್ಜಾ. ಇನ್ನು ಅವನು ನಿಮ್ಮವನಲ್ಲ" ಅಂದುಬಿಟ್ಟ.

ಮುದುಕ ಹಾಗೇ ನೆಲಕ್ಕೆ ಕೂತ. ಕಾಲು ಸೋತಿತೋ, ಹಟವೋ, ಪ್ರಮಾಣ ಮಾಡಿ ಹೇಳಲಾರೆ. ಮೀನಿನ ಬುಟ್ಟಿಗಳ ಪಕ್ಕ, ಕೆಸರಲ್ಲಿ.

"ಬಡೀಲಾ?" ಅಂದೆ.

"ತಡಿ ಮಾಮಾ," ಅಂದ ನುಮೇರಿಯಸ್.

ಬಡಿದರೆ ಅವನ ಬಿಡುಗಡೆ. ವಿಬಿಡಿಯಾ ಹಿಟ್ಟಿನ ಕೈಯಲ್ಲೇ ಓಡಿ ಬಂದು ನೋಡ್ತಾ ನಿಂತಿದ್ದಳು. ಅವನು ಅವಳ ಕಡೆ ನೋಡಿದ, ಕಂಚಿನ ಕಡೆ ನೋಡಿದ. ಆಮೇಲೆ ಬಗ್ಗಿ, ಅಪ್ಪನ ಕಂಕುಳಿಗೆ ಕೈ ಹಾಕಿ, ಎತ್ತಿ ಹೆಗಲಿಗೆ ಹಾಕ್ಕೊಂಡ. ಮುದುಕ "ಮೆತ್ತಗೆ, ಮೆತ್ತಗೆ" ಅಂತಾ ಅವನ ಬೋಳುತಲೆ ಹಿಡ್ಕೊಂಡ.

ವಿಬಿಡಿಯಾ ಕೈ ಒರೆಸಿಕೊಂಡು, "ಸರಿಹೋಯ್ತು. ಗಂಡ ಬರ್ತಾನೆ ಅಂತ ಕಾದ್ರೆ ಕೂಸನ್ನೂ ಎತ್ಕೊಂಡೇ ಬಂದ" ಅಂದಳು.

6. ಮಾರನೆಯ ದಿನ ಒಪ್ಪಿಯಸ್ ಬಿಸಿ ಗಂಜಿ ಕುಡಿದು, "ಮಾರಾಟ ನಡೀಲಿಲ್ಲ. ಮಗ ನನ್ನವನೇ. ಮದುವೆ ಇಲ್ಲ" ಅಂತ ತೀರ್ಪು ಕೊಟ್ಟ. ಕೊಯ್ಲು ಶುರುವಾಗಿದೆ. ವಿಬಿಡಿಯಾ ಹಿಟ್ಟು ನಾದುವ ತೊಟ್ಟಿಯನ್ನ ಆಗಲೇ ಮಾರಿದ್ದಾಳೆ.

ಆದ್ದರಿಂದ ಮಾನ್ಯರಲ್ಲಿ ಕೋರಿಕೆ ಏನೆಂದರೆ: ನೆಲದಿಂದ ಎತ್ತಿದವನೇ ಅಪ್ಪ, ಇದು ಒಪ್ಪಿಯಸ್‌ನ ಬಾಯಿಂದಲೇ ಬಂದ ಕಾನೂನು. ಎತ್ತಿದ್ದನ್ನ ಐದು ಜನ ಸಾಕ್ಷಿಗಳು ನೋಡಿದ್ದಾರೆ, ಅವರು ಅದಕ್ಕೆ ಬಂದವರಲ್ಲ ಅನ್ನೋದು ಬೇರೆ ಮಾತು. ಕಾರಣ, ಸದರಿ ನುಮೇರಿಯಸ್‌ನನ್ನ ಅಪ್ಪನೆಂದೂ, ಸದರಿ ಒಪ್ಪಿಯಸ್‌ನನ್ನ ಅವನ ಎಳೆಯ ಮಗನೆಂದೂ ಘೋಷಿಸಿ, ಅಪ್ಪನಾದವನಿಗೆ ತನ್ನ ಮದುವೆಗೆ ತಾನೇ ಅಪ್ಪಣೆ ಕೊಟ್ಟುಕೊಳ್ಳಲು ಅವಕಾಶ ಮಾಡಿಕೊಡಬೇಕು. ಮದುವೆ ಮೆರವಣಿಗೆಯಲ್ಲಿ ಮಕ್ಕಳಿಗೆ ಎರಚುವ ಅಕ್ರೋಟಿನಲ್ಲಿ ಒಪ್ಪಿಯಸ್‌ಗೂ ಪಾಲು ಕೊಡಿಸಬೇಕು. ಇದನ್ನ ಅವನೇ ಗುಟ್ಟಾಗಿ ಸೇರಿಸು ಅಂದ.

ತಮ್ಮ ವಿಶ್ವಾಸಿ,
ತ್ರೆಬೋನಿಯಸ್

ಲಗತ್ತು: ತಕ್ಕಡಿಗೆ ಬಡಿಯದೆ ಉಳಿದ ಕಂಚಿನ ತುಂಡು, ವಿಬಿಡಿಯಾ ಸುಟ್ಟ ರೊಟ್ಟಿ, ಮೆತ್ತಗಿನ ಭಾಗ ಮಾತ್ರ.

ವಿ.ಸೂ.: ತಮ್ಮ ತಂದೆಯವರೂ ಬದುಕಿದ್ದಾರೆ, ಊರಿಗೆಲ್ಲ ನ್ಯಾಯ ಹೇಳುವ ತಾವೂ ಅವರ ಅಪ್ಪಣೆ ಇಲ್ಲದೆ ಸ್ವಂತಕ್ಕೊಂದು ಮೇಕೆ ಕೊಳ್ಳಲಾರಿರಿ ಅಂತ ಅದೇ ಗುಮಾಸ್ತ ಹೇಳಿದ. ಆದ್ದರಿಂದ ಈ ಕತೆಯನ್ನ ಮನೆಗೆ ಒಯ್ದು ಅವರಿಗೂ ಓದಿ ಹೇಳಬೇಕು. ಕೇಳಿ ನಕ್ಕರೆ ತಕ್ಷಣ ಈ ಅರ್ಜಿಗೆ ಅವರ ಮುದ್ರೆ ಒತ್ತಿಸಿಕೊಳ್ಳಿ. ನಗದೆ ನೆಲಕ್ಕೆ ಕೂತುಬಿಟ್ಟರೆ, ಎತ್ತುವ ಮೊದಲು ಐದು ಜನ ಸಾಕ್ಷಿಗಳನ್ನ ಕರೆಸಿಕೊಳ್ಳಿ.