ನ್ಯಾಯಾಧೀಶನ ಗಂಟಲು

ಎಲ್ಲಕ್ಕೂ ಕಾರಣ ಒಂದು ಜಮಖಾನೆ. ಶನಿವಾರ ಬೆಳಿಗ್ಗೆ ವಠಾರದ ಮೇಲ್ವಿಚಾರಕಿ ಮೊಹಾಚಿನೆ ಅದನ್ನು ಅಂಗಳದ ಕಂಬಿಗೆ ಹಾಕಿ ಬೆತ್ತದಿಂದ ದಬದಬ ಬಡಿಯತೊಡಗಿದಾಗ, ಮೂರನೇ ಮಹಡಿಯಲ್ಲಿ ಕೆಲೆಮೆನ್ ಒಡೊನ್ ತನ್ನ ಬದುಕಿನ ಮೊದಲ ದೊಡ್ಡ ಪಾತ್ರವನ್ನು ಬಾಯಿಪಾಠ ಮಾಡುತ್ತಿದ್ದ.

ಬುಡಾಪೆಸ್ಟಿನ ರಂಗದ ಮೇಲೆ ಅವನು ಯಾವಾಗಲೂ ಬಾಗಿಲು ತೆರೆಯುವ ಆಳು. ಸಿನಿಮಾದಲ್ಲಿ ಸೂಪು ತರುವ ಮಾಣಿ. ಒಂದು ಚಿತ್ರದಲ್ಲಂತೂ ಅವನ ಕೈಗಳು ಮಾತ್ರ ಕಂಡಿದ್ದವು. ವಠಾರದವರು ಆ ಕೈಗಳನ್ನೇ ಹೊಗಳಿದ್ದರು. ಈಗ ನ್ಯಾಯಾಧೀಶನ ಪಾತ್ರದ ಹಿರಿಯ ನಟ ಕಾಲು ಮುರಿದುಕೊಂಡಿದ್ದ. ಸಂಜೆಯ ಆಟಕ್ಕೆ ಒಡೊನ್‌ನೇ ನ್ಯಾಯಾಧೀಶ.

"ಅಮ್ಮಾ, ಇವತ್ತೊಂದಿನ ನಿಲ್ಸಿ!" ಎಂದು ವರಾಂಡದಿಂದ ಕೂಗಿದ.

"ಕೇಳಿಸ್ಲಿಲ್ಲ ಕಲಾವಿದ್ರೇ!" ದಬ್. "ಜೋರಾಗಿ ಹೇಳಿ! ನಾಟಕದಲ್ಲಿ ಮಾತಿಲ್ದೆ ಗಂಟ್ಲು ತುಕ್ಕು ಹಿಡೀತಾ?"

ಆ ಮಾತು ಚುಚ್ಚಿತು. ಒಡೊನ್ ಗಂಟಲು ಹರಿಯುವಂತೆ ಅರಚಿದ. ಎದುರು ವರಾಂಡದಿಂದ ನಿವೃತ್ತ ಟ್ರಾಮ್ ಕಂಡಕ್ಟರ್ ವೆಂಡೆಲ್ ಎದ್ದು ಬಂದ. "ಶನಿವಾರ ಜಮಖಾನೆ ಬಡಿಯೋದು ವಠಾರದ ಹಕ್ಕು ಕಣಯ್ಯಾ!" ಎಂದು ತನ್ನದನ್ನೂ ಹೊತ್ತು ಕೆಳಗಿಳಿದ. ಅವನ ಹಿಂದೆ ಇನ್ನೂ ನಾಲ್ಕು ಮನೆಯವರು ಇಳಿದರು. ಆ ಸದ್ದನ್ನು ಮೀರಿಸಲು ಅರಚಿ ಅರಚಿ ಮಧ್ಯಾಹ್ನದ ಹೊತ್ತಿಗೆ ಒಡೊನ್‌ನ ಬಾಯಿಂದ ಒಡೆದ ಕೊಳಲಿನ ಹಾಗೆ ಬರಿಯ ಗಾಳಿ ಬರತೊಡಗಿತು.

ಆಗ ಎಲ್ಲರಿಗೂ ಕರುಣೆ ಉಕ್ಕಿತು. ವೆಂಡೆಲ್ ಪ್ಲಮ್ ಹಣ್ಣಿನ ಸಾರಾಯಿ ಕುಡಿಸಿದ. ಮೊಹಾಚಿನೆ ಹಂದಿಕೊಬ್ಬಿಗೆ ಖಾರದಪುಡಿ ಕಲಸಿ ಕುತ್ತಿಗೆಗೆ ತಿಕ್ಕಿದಳು. ಉಳಿದಿದ್ದ ಗಾಳಿಯೂ ನಿಂತಿತು.

ರಂಗಮಂದಿರದಲ್ಲಿ ನಿರ್ದೇಶಕ ತಲೆ ಮೇಲೆ ಕೈ ಹೊತ್ತು ಕುಳಿತ. ಒಡೊನ್ ಗೋಡೆಗೆ ಹಣೆ ಒತ್ತಿ ಅತ್ತ, ಅಳುವಿಗೂ ಸದ್ದಿರಲಿಲ್ಲ. ರಂಗದ ಮುಂಚಿನ ತಗ್ಗು ಗೂಡಿನಲ್ಲಿ ಕೂತು ನಟರಿಗೆ ಮರೆತ ಮಾತು ಪಿಸುಗುಟ್ಟುವ ಪ್ರಾಂಪ್ಟರ್ ಹೆರ್ಮಿನಾ ಸಿಗರೇಟು ಆರಿಸಿದಳು. ಹೊಗೆ ಕುಡಿದು ಕುಡಿದು ಮುದುಕಿಯ ಧ್ವನಿ ನೆಲದಡಿಯ ಹಗೇವಿನೊಳಗಿಂದ ಬಂದಂತಿತ್ತು.

"ನೀನು ಬಾಯಾಡ್ಸು ಮಗಾ, ಗೂಡಿನೊಳಗಿಂದ ನಾನು ಮಾತಾಡ್ತೀನಿ."

ಹಾಗೇ ಆಯಿತು. ಅವಳು ಗುಡುಗಿದಳು, ಇವನು ತುಟಿ ಆಡಿಸಿದ. ಸ್ವಂತ ಮಗನಿಗೇ ಶಿಕ್ಷೆ ವಿಧಿಸುವ ದೃಶ್ಯದಲ್ಲಿ ಒಡೊನ್‌ನ ಕಣ್ಣೀರು ನಿಜವಾದದ್ದೇ. ಪರದೆ ಬಿದ್ದಾಗ ಸಭೆ ಎದ್ದು ನಿಂತು ಚಪ್ಪಾಳೆ ಹೊಡೆಯಿತು. ಒಡೊನ್ ಬಾಗಿ ವಂದಿಸಿದ.

"ನೀವು ಪಕ್ಕಕ್ಕೆ ಸರೀರಿ ಸ್ವಲ್ಪ!" ಮುಂದಿನ ಸಾಲಿನಿಂದ ಯಾರೋ ಕೂಗಿದರು. "ಕೆಳಗಿರೋ ಆ ಅಜ್ಜೀನ ತೋರ್ಸಿ!"

ಹೆರ್ಮಿನಾಳನ್ನು ಗೂಡಿನಿಂದ ಎತ್ತಿದರು. ಹೂಗುಚ್ಛಗಳೆಲ್ಲ ಅವಳ ತೋಳಿಗೆ ಹೋದವು. ನಿರ್ದೇಶಕ ಅವಳ ಎರಡೂ ಕೈಗೆ ಮುತ್ತಿಟ್ಟು, ಮುಂದಿನ ನಾಟಕದ ರಾಣಿ ನೀನೇ ಎಂದ.

ಒಡೊನ್ ಅವನ ತೋಳು ಹಿಡಿದು, ಅಷ್ಟರಲ್ಲಿ ಮರಳಿದ್ದ ಚೂರು ಗಾಳಿಯಲ್ಲಿ ಪಿಸುಗುಟ್ಟಿದ. "ನನಗೆ, ಸಾರ್?"

ನಿರ್ದೇಶಕನ ಕಣ್ಣು ಅರಳಿತು. "ಇನ್ನೊಂದ್ಸಲ ಹೇಳು!"

"ನನಗೆ?"

"ಅಬ್ಬಾ, ಎಂಥ ಪಿಸುಮಾತಯ್ಯ! ರಂಗದ ಮೇಲೆ ಕೇಳತ್ತೆ, ಸಭೆಗೆ ಕೇಳಲ್ಲ. ಗೂಡು ಖಾಲಿ ಇದೆ. ನಾಳೆಯಿಂದ ನೀನೇ ಪ್ರಾಂಪ್ಟರ್. ಗಂಟಲು ಮಾತ್ರ ವಾಸಿ ಮಾಡ್ಕೋಬೇಡಪ್ಪಾ!"

ಎಲ್ಲರೂ ಹೋದ ಮೇಲೆ ಒಡೊನ್ ಗೂಡಿಗೆ ಇಳಿದು ಕುಳಿತು ನೋಡಿದ. ನಾಳೆಯಿಂದ ಅಲ್ಲಿ ಕಾಣುವುದು ನಟರ ಬೂಟುಗಳು ಮಾತ್ರ.