ಹೀರೋ ಇಲ್ಲದ ಕಪಾಟು

ಡಿವಿಡಿ ಅಂಗಡಿಯ ಕೌಂಟರಿನಲ್ಲಿ ನಿಂತವನಿಗೆ ಅವಮಾನಕ್ಕೆ ಬರಗಾಲ ಎಂಬುದಿಲ್ಲ. ಅದರಲ್ಲೂ ಯಾರಿಗೂ ಬೇಡದ ಸಿನೆಮಾ ಅವನಿಗೆ ಇಷ್ಟವಾಯಿತೋ, ಕತೆ ಮುಗಿಯಿತು.

ನಾನು ಉಪ್ಪಿನಂಗಡಿಯವ. ಸೌದಿಯ ರಾಬಿಗ್‌ನ ರಿಫೈನರಿ ಕೆಲಸದವರ ಒಂದು ಫ್ಯಾಮಿಲಿ ಕಾಂಪೌಂಡಿನೊಳಗಿನ ಅಂಗಡಿಯಲ್ಲಿ ಕೆಲವು ವರ್ಷ ಇದ್ದೆ. ರಿಫೈನರಿಗೆ ಬಂದಿದ್ದ ಜಪಾನೀ ಇಂಜಿನಿಯರೊಬ್ಬ ಊರಿಗೆ ಹೋಗುವಾಗ ಒಂದು ಪೆಟ್ಟಿಗೆ ಡಿಸ್ಕು ನಮಗೆ ಬಿಟ್ಟುಹೋದ. ಎಲ್ಲವೂ ಹೊಡೆದಾಟದ ಸಿನೆಮಾ, ಹೊಡೆಯುವವರು ಹೆಂಗಸರು. ಟೀಚರು, ನರ್ಸು, ಹೂವಿನಂಗಡಿಯವಳು, ಯಾರನ್ನು ಕೆಣಕಿದರೂ ಕತ್ತಿ ಹೊರಗೆ! ಒಂದು ನೋಡಿದೆ, ಮತ್ತೆ ಬಿಡಲಿಕ್ಕೇ ಆಗಲಿಲ್ಲ. ಅವಕ್ಕೆಂದೇ ಒಂದು ಕಪಾಟು ಮಾಡಿದೆ. ನನ್ನ ಸಿಟ್ಟಿನ ದಿನಗಳು ಶುರುವಾದದ್ದು ಅಲ್ಲಿಂದ.

೧

ಕುಂದಾಪುರದ ಅಕೌಂಟೆಂಟ್ ಒಬ್ಬರು ಡಿಸ್ಕನ್ನು ತಿರುಗಿಸಿ ಮುರುಗಿಸಿ ನೋಡಿ, "ಇದು ಯಾವ ಥಿಯೇಟರಿನಲ್ಲಿ ಓಡಿದ್ದು?" ಎಂದರು.

"ಥಿಯೇಟರಿಗೆ ಬಂದದ್ದಲ್ಲ ಸಾರ್. ಸೀದಾ ಮನೆಯಲ್ಲಿ ನೋಡಲಿಕ್ಕೆಂದೇ ಮಾಡಿದ್ದು."

"ಹಾಗಾದರೆ ಡಬ್ಬಾ. ಥಿಯೇಟರಿಗೆ ಬಾರದ ಸಿನೆಮಾ ನಾನು ಮುಟ್ಟುವುದೂ ಇಲ್ಲ."

ನನಗೆ ಉರಿದುಹೋಯಿತು. "ಸಾರ್, ಈ ದೇಶದಲ್ಲಿ ಥಿಯೇಟರ್ ಎಂಬುದೇ ಇಲ್ಲ. ಇಲ್ಲಿ ನೀವು ನೋಡಿದ ಸಿನೆಮಾ ಯಾವುದು ಮತ್ತೆ?"

ಅವರು ಗಂಭೀರವಾಗಿ ಹೇಳಿದರು: "ಅದಕ್ಕೇ ಮಾರಾಯ, ನಾನು ಬರೀ ಕ್ರಿಕೆಟ್ ನೋಡುವುದು."

೨

ನಮ್ಮ ಕಫೀಲ್, ಅಂದರೆ ಅಂಗಡಿಯ ಸೌದಿ ಯಜಮಾನ, ಒಳ್ಳೆಯ ಮನುಷ್ಯ. ಆದರೆ ಕೈಯಲ್ಲಿ ಕಪ್ಪು ಮಾರ್ಕರ್ ಹಿಡಿದನೋ, ಮುಗಿಯಿತು. ಕವರಿನ ಮೇಲೆ ಹೆಣ್ಣಿನ ತೋಳು ಕಂಡರೆ ಬಳಿ, ಕುತ್ತಿಗೆ ಕಂಡರೆ ಬಳಿ. ನನ್ನ ಹೂವಿನಂಗಡಿಯವಳನ್ನು ಬಳಿದು ಬಳಿದು ಕಡೆಗೆ ಎರಡು ಕಣ್ಣು, ಒಂದು ಕತ್ತಿ ಮಾತ್ರ ಉಳಿಸಿದ.

ನಾನು ಕುದಿಯುತ್ತಾ ಕೂತಿದ್ದೆ. ಅದೇ ಸಂಜೆ ಒಬ್ಬ ಪಠಾಣ್ ಡ್ರೈವರ್ "ನಿಂಜಾ! ನಿಂಜಾ!" ಎಂದು ಕುಣಿಯುತ್ತಾ ಅದನ್ನೇ ಕೊಂಡುಹೋದ. ಮರುದಿನ ವಾಪಸು ಬಂದವನ ಮುಖದಲ್ಲಿ ಬೆಂಕಿ: "ನಿಂಜಾ ಎಲ್ಲಿ ಭಾಯ್? ಒಳಗೆ ಒಬ್ಬ ಹುಡುಗಿ ಹೂವು ಮಾರುತ್ತಿದ್ದಾಳೆ!"

ಕಫೀಲ್ ನನ್ನನ್ನೇ ಗದರಿದ: "ಗಿರಾಕಿಗೆ ಯಾಕೆ ಮೋಸ ಮಾಡ್ತೀಯ?"

೩

ಉಡುಪಿಯ ಕ್ರೇನ್ ಆಪರೇಟರ್ ಒಬ್ಬ ಒಂದು ಡಿಸ್ಕು ತಂದು ಕೌಂಟರಿಗೆ ಕುಕ್ಕಿದ. "ಇದು ಹಾಳಾಗಿದೆ. ಬೇರೆ ಕೊಡು."

ಹಾಕಿ ನೋಡಿದೆ. ಮೊದಲಿನಿಂದ ಕಡೆಯ ತನಕ ಚೆನ್ನಾಗಿಯೇ ಓಡಿತು. "ಎಂತ ಹಾಳಾಗಿದೆ?"

"ಎಂತದಾ? ಪೂರಾ ನೋಡಿದೆ, ಹೀರೋ ಬರಲೇ ಇಲ್ಲ!"

"ಆ ಟೀಚರೇ ಹೀರೋ, ಮಾರಾಯ!"

ಅವನು ನನ್ನನ್ನು ಕರುಣೆಯಿಂದ ನೋಡಿದ. "ಅವಳಿಗೂ ಅಷ್ಟು ಹೊತ್ತು ಕಾದು ಸಾಕಾಗಿರಬೇಕು. ಪಾಪ, ತಾನೇ ಹೊಡೆದಳು."

೪

ಇನ್ನೊಬ್ಬ ನಮ್ಮ ಊರಿನ ಕಡೆಯವನೇ, ರಿಫೈನರಿಯ ಸೂಪರ್‌ವೈಸರ್. ಒಂದು ಶುಕ್ರವಾರ ಹೆಂಡತಿಯ ಜೊತೆ ಬಂದ. ಅವಳ ಸೊಂಟದ ಮೇಲೆ ನಿದ್ದೆ ಹೋದ ಮಗು. ಇವನು ನನ್ನ ಕಪಾಟಿನ ಮುಂದೆ ನಿಂತು ಭಾಷಣ ಶುರುಮಾಡಿದ.

"ಎಲ್ಲ ಸುಳ್ಳು! ಕಡ್ಡಿಯ ಹಾಗಿರುವ ಹೆಂಗಸು ಗೂಂಡಾಗಳನ್ನು ಹೊಡೆಯುವುದುಂಟಾ? ಹೆಂಗಸಿಗೆ ಅಷ್ಟು ಶಕ್ತಿ ಎಲ್ಲಿಂದ? ಇದನ್ನೆಲ್ಲ ಮಾರಲಿಕ್ಕೆ ನಿನಗೆ ನಾಚಿಕೆ ಆಗುವುದಿಲ್ಲವಾ?"

ನಾನು ಬಾಯಿ ತೆರೆದೆ. ಅಷ್ಟರಲ್ಲಿ ಅವನು ನನಗೆ ಪುರಾವೆ ತೋರಿಸಲೆಂದು ಮೇಲಿನ ಹಲಗೆಯ ಡಿಸ್ಕೊಂದನ್ನು ರಪ್ಪನೆ ಎಳೆದ. ಕಪಾಟು ಪೂರ್ತಿ ಮುಂದಕ್ಕೆ ವಾಲಿತು. ಡಿಸ್ಕುಗಳು ಅವನ ತಲೆಯ ಮೇಲೆ ಸುರಿದವು, ಅವನು ಕುಸಿದು ಕೂತ. ನಾನು ಕೌಂಟರಿನ ಆಚೆ. ಹಾರಿ ಬರುವಷ್ಟು ಹೊತ್ತಿರಲಿಲ್ಲ.

ಕಪಾಟು ಮಾತ್ರ ಬೀಳಲಿಲ್ಲ. ನೋಡಿದರೆ, ಅವನ ಹೆಂಡತಿ ಒಂದು ಕೈಯಲ್ಲಿ ಅದನ್ನು ಹಿಡಿದು ನಿಂತಿದ್ದಾಳೆ. ಇನ್ನೊಂದು ಕೈಯಲ್ಲಿ ಮಗು. ಅದಕ್ಕೆ ಎಚ್ಚರವೂ ಆಗಿಲ್ಲ.

ಅಡಿಯಲ್ಲಿ ಕೂತವನು ಎರಡು ಕೈಯನ್ನೂ ಕಪಾಟಿಗೆ ತಾಗಿಸಿ, ನನ್ನ ಕಡೆ ತಿರುಗಿ ಹೇಳಿದ: "ಹೆದರಬೇಡ ಮಾರಾಯ, ನಾನು ಹಿಡಿದಿದ್ದೇನೆ."

ಅವಳು ಬಗ್ಗಿ ಗಂಡನನ್ನು ನೋಡಿ ಮೆಲ್ಲಗೆ ಕೇಳಿದಳು: "ಹೌದಾ? ಹಾಗಾದರೆ ನಾನು ಬಿಡ್ಲಾ?"